ಕಾದಂಬರಿಯ ನಾಡಿಗೊಂದು ಪಂಚಾಂಗ: ಲೆಕ್ಕ ಕೂಡಿದೆ, ಜೀವ ಬಂದಿಲ್ಲ

ಮಲಪ್ರಭಾ ದಂಡೆ (ಬಾದಾಮಿ)

ಎಲ್ಲರಿಗೂ ನಮಸ್ಕಾರ. ನಾನು ಬರೆಯುತ್ತಿರುವ ಕಾದಂಬರಿಯು ಕರಿಹೊಳೆ ಎಂಬ ಕಲ್ಪಿತ ನಾಡಿನಲ್ಲಿ ನಡೆಯುತ್ತದೆ. ಆ ನಾಡು ಈ ಭೂಮಿಯ ಮೇಲಿಲ್ಲವಾದ್ದರಿಂದ ಅಲ್ಲಿಯ ಜನರು ದಿನ ಎಣಿಸುವ ಕ್ರಮವನ್ನೂ ನಾನೇ ಕಟ್ಟಬೇಕಾಯಿತು. ಅಲ್ಲಿ ವರ್ಷಕ್ಕೆ 384 ದಿನ. ಆಕಾಶದಲ್ಲಿ ಇಬ್ಬರು ಚಂದ್ರರು. ಹಿರಿಯ ಚಂದ್ರ 32 ದಿನಕ್ಕೊಮ್ಮೆ ತುಂಬುತ್ತಾನೆ, ಕಿರಿಯ ಚಂದ್ರ 12 ದಿನಕ್ಕೊಮ್ಮೆ ತುಂಬುತ್ತಾನೆ. 32 ದಿನಗಳ 12 ತಿಂಗಳು ಕೂಡಿದರೆ 384, 12 ದಿನಗಳ 32 ಸುತ್ತು ಕೂಡಿದರೂ 384. ವಾರಕ್ಕೆ 8 ದಿನ, ತಿಂಗಳಿಗೆ 4 ವಾರ, ವರ್ಷಕ್ಕೆ 48 ವಾರ. ಆದ್ದರಿಂದ ಯಾವ ತಿಂಗಳ ಯಾವ ದಿನವಾದರೂ ಪ್ರತಿ ವರ್ಷವೂ ಅದೇ ವಾರಕ್ಕೆ ಬರುತ್ತದೆ. ತಿಂಗಳುಗಳಿಗೆ ಅಗ್ನಿಮಾಸ, ವಜ್ರಮಾಸ, ಗರುಡಮಾಸ ಎಂಬಂತೆ ಹೆಸರಿಟ್ಟಿದ್ದೇನೆ. ವರ್ಷಗಳ ಎಣಿಕೆ ಮೊದಲ ಅರಸನ ಪಟ್ಟಾಭಿಷೇಕದಿಂದ ಆರಂಭವಾಗುತ್ತದೆ.

ಮೊದಲ ಐದು ಅಧ್ಯಾಯಗಳನ್ನು ಓದಿದ ಗೆಳೆಯರೊಬ್ಬರು, ಲೆಕ್ಕವೆಲ್ಲ ಕೂಡಿದೆ, ಆದರೆ ಈ ಪಂಚಾಂಗಕ್ಕೆ ಜೀವವಿಲ್ಲ ಎಂದರು. ಏನು ಕೊರತೆ ಎಂದು ಕೇಳಿದರೆ ಅವರಿಗೂ ಬಿಡಿಸಿ ಹೇಳಲಾಗಲಿಲ್ಲ. ಇಲ್ಲಿಯ ತಿಳಿದವರು ದಾಕ್ಷಿಣ್ಯವಿಲ್ಲದೆ ಹೇಳಬೇಕೆಂದು ಕೋರುತ್ತೇನೆ.

ಘಟಿಕಾಪಾತ್ರೆ (ಬೆಳಗಾವಿ)

ಮೂವತ್ತು ವರ್ಷ ಗಣಿತ ಕಲಿಸಿದವನಾಗಿ ಹೇಳುತ್ತೇನೆ: ನಿಮ್ಮ ಪಂಚಾಂಗದ ದೋಷವೆಂದರೆ ಅದರ ಭಾಗಾಕಾರದಲ್ಲಿ ಶೇಷವೇ ಉಳಿಯುವುದಿಲ್ಲ. ನಮ್ಮ ಆಕಾಶವನ್ನೇ ನೋಡಿ. ಒಂದು ಅಮಾವಾಸ್ಯೆಯಿಂದ ಮುಂದಿನ ಅಮಾವಾಸ್ಯೆಗೆ ಸರಾಸರಿ 29.53 ದಿನ, ಅಂತಹ ಹನ್ನೆರಡು ಸೇರಿದರೆ 354.37 ದಿನ. ಋತುಗಳು ಒಂದು ಸುತ್ತು ತಿರುಗಿ ಬರಲು 365.24 ದಿನ ಬೇಕು. ನಡುವೆ ಉಳಿಯುವ ಹತ್ತು ಮುಕ್ಕಾಲು ದಿನಕ್ಕಿಂತ ತುಸು ಹೆಚ್ಚಿನ ಅಂತರವನ್ನು ಎಲ್ಲಿಡಬೇಕು ಎಂಬ ಒಂದೇ ಪ್ರಶ್ನೆಯಿಂದ ಹೆಚ್ಚುವರಿಯಾಗಿ ಸೇರುವ ಅಧಿಕಮಾಸ, ಲೆಕ್ಕದಿಂದ ಬಿಟ್ಟುಹೋಗುವ ಕ್ಷಯಮಾಸ, ಹಬ್ಬ ಇಂದೋ ನಾಳೆಯೋ ಎಂಬ ವಾದ, ಪಂಚಾಂಗ ಬರೆಯುವವರ ಪಂಗಡಗಳು, ಇವೆಲ್ಲ ಹುಟ್ಟಿವೆ. ನಿಮ್ಮ ಕರಿಹೊಳೆಯಲ್ಲಿ ಜೋಯಿಸರಿಗೆ ಮಾಡಲು ಕೆಲಸವೇ ಇಲ್ಲ. ಗೋಡೆಯ ಮೇಲೆ ಒಮ್ಮೆ ಕೆತ್ತಿಸಿಬಿಟ್ಟರೆ ಸಾವಿರ ವರ್ಷ ನಡೆಯುತ್ತದೆ.

ಇನ್ನೊಂದು ಮಾತು. ಇಬ್ಬರು ಚಂದ್ರರ ಅವಧಿ ಹೀಗಿರಬೇಕಾದರೆ ದೂರ ಹೆಚ್ಚಿದಂತೆ ಸುತ್ತುವ ಅವಧಿಯೂ ಹೆಚ್ಚುತ್ತದೆ ಎಂಬ ಕೆಪ್ಲರನ ಮೂರನೆಯ ನಿಯಮದಂತೆ ಹಿರಿಯ ಚಂದ್ರನು ಕಿರಿಯನಿಗಿಂತ ಸುಮಾರು 1.9 ಪಟ್ಟು ದೂರದಲ್ಲಿರಬೇಕು. ನಿಮ್ಮ ಎರಡನೆಯ ಅಧ್ಯಾಯದಲ್ಲಿ ಇಬ್ಬರೂ ಒಂದೇ ಎತ್ತರದಲ್ಲಿ ಜೋಡಿ ಎತ್ತುಗಳಂತೆ ನಡೆಯುತ್ತಾರೆ ಎಂದಿದ್ದರೆ ದಯವಿಟ್ಟು ತಿದ್ದಿಕೊಳ್ಳಿ.

ಎರೆಹೊಲ (ಸಿಂದಗಿ)

ನನಗೆ ಗಣಿತ ಅಷ್ಟಕ್ಕಷ್ಟೇ. ಆದರೆ ಕರಿಹೊಳೆಯ ಜನರು ಏನು ಬಿತ್ತುತ್ತಾರೆ, ಯಾವಾಗ ಬಿತ್ತುತ್ತಾರೆ ಎಂಬುದು ನಿಮ್ಮ ಬರಹದಲ್ಲಿ ಎಲ್ಲಿಯೂ ಇಲ್ಲವಲ್ಲ. ನಮ್ಮ ಕಡೆ ಹೊಲದ ಲೆಕ್ಕ ನಡೆಯುವುದು ತಿಂಗಳಿಂದಲ್ಲ, ಮಳೆಯ ಹೆಸರಿನಿಂದ. ಸೂರ್ಯನು 27 ನಕ್ಷತ್ರಗಳನ್ನು ವರ್ಷದಲ್ಲಿ ಒಮ್ಮೆ ಹಾದು ಹೋಗುತ್ತಾನಾದ್ದರಿಂದ ಒಂದೊಂದು ಮಳೆಗೆ ಹದಿಮೂರು ಹದಿನಾಲ್ಕು ದಿನ ಬರುತ್ತದೆ. ಜೂನ್ ಮೊದಲ ವಾರ ದಾಟುತ್ತಿದ್ದಂತೆ ಮಿರಗ, ಅಂದರೆ ಮೃಗಶಿರ ಮಳೆ, ಕೂಡುತ್ತದೆ. ಮುಂಗಾರಿಯ ಕೂರಿಗೆ ಹೊರಬರುವುದು ಆಗ. ನಮ್ಮ ಎರೆಭೂಮಿಯಲ್ಲಿ ದೊಡ್ಡ ಬೆಳೆ ಹಿಂಗಾರಿಯ ಬಿಳಿಜೋಳ. ಅದಕ್ಕೆ ಉತ್ತರಿ ಮತ್ತು ಹಸ್ತದ ಮಳೆಗಳ ಹಸಿ ಬೇಕು. ನನ್ನ ಅಜ್ಜನಿಗೆ ಸೆಪ್ಟೆಂಬರ್ ಎಂಬ ಹೆಸರು ಬಾಯಿಗೆ ಬರುತ್ತಿರಲಿಲ್ಲ, ಆದರೆ ಉತ್ತರಿ ಮಳೆಯ ಎಷ್ಟನೆಯ ದಿನ ಎಂದು ಕೇಳಿದರೆ ಎಂದೂ ತಪ್ಪುತ್ತಿರಲಿಲ್ಲ.

ಹಾಗೆಂದು ಅದೇ ಅಜ್ಜ ಹಬ್ಬಕ್ಕೆ ನಕ್ಷತ್ರವನ್ನು ನೋಡುತ್ತಿರಲಿಲ್ಲ, ಚಂದ್ರನನ್ನು ನೋಡುತ್ತಿದ್ದ. ಕಾರಹುಣ್ಣಿಮೆಗೆ ಎತ್ತು ಓಡಿಸಿ ಕರಿ ಹರಿಯುವುದು, ಅದರ ಹಿಂದೆಯೇ ಮಣ್ಣೆತ್ತಿನ ಅಮಾವಾಸ್ಯೆ, ಹಿಂಗಾರಿ ಪೈರು ಎದ್ದು ನಿಂತಾಗ ಎಳ್ಳಮಾವಾಸ್ಯೆಯ ಚರಗ. ಬಿತ್ತನೆ ಸೂರ್ಯನ ಲೆಕ್ಕಕ್ಕೆ, ಹಬ್ಬ ಚಂದ್ರನ ಲೆಕ್ಕಕ್ಕೆ. ಈ ಎರಡನ್ನೂ ಒಂದೇ ತಲೆಯಲ್ಲಿ ಇಟ್ಟುಕೊಂಡು ಬದುಕುವುದು ನಮಗೆ ಎಷ್ಟು ರೂಢಿಯಾಗಿದೆ ಎಂದರೆ ಅದನ್ನು ನಾವು ಗಮನಿಸುವುದೇ ಇಲ್ಲ.

ಮಲಪ್ರಭಾ ದಂಡೆ (ಬಾದಾಮಿ)

ಘಟಿಕಾಪಾತ್ರೆ ಗುರುಗಳೇ, ಜೋಡಿ ಎತ್ತು ಎಂದು ನಿಜಕ್ಕೂ ಬರೆದಿದ್ದೆ, ತಿದ್ದುತ್ತೇನೆ. ಎರೆಹೊಲ ಅಣ್ಣಾವರ ಮಾತು ಮನಸ್ಸಿಗೆ ನಾಟಿತು. ಆದರೆ ಒಂದು ಅಳುಕು ಇದೆ. ಲೆಕ್ಕವನ್ನು ಒರಟು ಮಾಡಿದರೆ ಓದುಗರಿಗೆ ಗೊಂದಲವಾಗುವುದಿಲ್ಲವೇ? ಕಥೆಯ ನಡುವೆ ಪಂಚಾಂಗದ ಪಾಠ ಯಾರಿಗೆ ಬೇಕು?

ಗೋಕಾಕ ಕರದಂಟು (ಗೋಕಾಕ)

ಪಾಠ ಯಾರಿಗೂ ಬೇಡ, ತಮ್ಮಾ. ಆದರೆ ಹೆಸರುಗಳು ಬೇಕು. ಅಗ್ನಿಮಾಸ, ವಜ್ರಮಾಸ ಎಂಬುವು ಅರಮನೆಯ ಪುರೋಹಿತರು ಪೇಟ ಸುತ್ತಿಕೊಂಡು ಕುಳಿತು ಇಟ್ಟ ಹೆಸರುಗಳಂತೆ ಕೇಳಿಸುತ್ತವೆ. ವಜ್ರಮಾಸದಲ್ಲಿ ಹೆಣ್ಣುಮಗಳೊಬ್ಬಳು ತವರಿಗೆ ಹೋದಳು ಎಂದು ಬರೆದರೆ ನನಗೆ ಅವಳು ಕಾಣಿಸುವುದಿಲ್ಲ.

ನಮ್ಮ ಮನೆಯ ಹಿರಿಯರಲ್ಲಿ ಚೈತ್ರ, ವೈಶಾಖ ಎಂದು ಕ್ರಮವಾಗಿ ಹೇಳಬಲ್ಲವರು ಕಡಿಮೆ. ಅವರಿಗೆ ವರ್ಷವೆಂದರೆ ಹುಣ್ಣಿಮೆ ಅಮಾವಾಸ್ಯೆಗಳ ಸರ. ಬಾದಾಮಿ ಬನಶಂಕರಿಯ ಜಾತ್ರೆ ಬರುವುದು ಬನದ ಹುಣ್ಣಿಮೆಗೆ, ಸವದತ್ತಿ ಯಲ್ಲಮ್ಮನ ಗುಡ್ಡಕ್ಕೆ ಬಂಡಿ ಹೂಡುವುದು ಭಾರತ ಹುಣ್ಣಿಮೆಗೆ. ಸೀಗಿಹುಣ್ಣಿಮೆ ಎಂದೊಡನೆ ಹೊಲದಲ್ಲಿ ಕುಳಿತು ಉಂಡ ಬುತ್ತಿ ನೆನಪಾಗುತ್ತದೆ. ಆಶ್ವಿನ ಶುದ್ಧ ಪೌರ್ಣಿಮೆ ಎಂದರೆ ಏನೂ ನೆನಪಾಗುವುದಿಲ್ಲ, ಎರಡೂ ಒಂದೇ ದಿನವಾದರೂ. ನಿಮ್ಮ ಜನರು ಹೊಲದಲ್ಲಿ, ಒಲೆಯ ಮುಂದೆ, ದೇವರ ಜಗಲಿಯ ಮುಂದೆ ಏನು ಮಾಡುತ್ತಾರೆ ಎಂಬುದನ್ನು ಮೊದಲು ಬರೆದುಕೊಳ್ಳಿ. ಹೆಸರು ತಾನಾಗಿ ಬರುತ್ತದೆ.

ಇನ್ನು ಶಾಲೆಯ ದಾಖಲೆಯ ಮಾತು. ನಮ್ಮ ತಲೆಮಾರಿನ ಎಷ್ಟು ಜನರ ಜನ್ಮದಿನ ಜೂನ್ 1 ಎಂದು ಎಣಿಸಿ ನೋಡಿ. ಹೋಳಿಹುಣ್ಣಿಮೆಯ ಮರುದಿನ ಹುಟ್ಟಿದವಳು ಎಂದು ಅವ್ವ ಹೇಳಿದ್ದನ್ನು ಮಾಸ್ತರರು ಯಾವ ಕಾಲಂನಲ್ಲಿ ಬರೆಯಬೇಕು? ಶಾಲೆ ಆರಂಭವಾಗುವ ದಿನವನ್ನೇ ಬರೆದರು. ಎರಡು ಪಂಚಾಂಗಗಳು ಎದುರಾದಾಗ ಬಡವರ ಮಕ್ಕಳ ಹುಟ್ಟುಹಬ್ಬ ಕಳೆದುಹೋಗುತ್ತದೆ. ಇದು ನಿಮ್ಮ ಕಥೆಗೆ ಉಪಯೋಗವಾಗಬಹುದೇನೋ.

ಶಾಸನಪ್ರಿಯ (ಹುನಗುಂದ)

ತಿಂಗಳ ವಿಚಾರ ಆಯಿತು, ನಾನು ವರ್ಷದ ವಿಚಾರಕ್ಕೆ ಬರುತ್ತೇನೆ. ಮೊದಲ ಅರಸನ ಪಟ್ಟಾಭಿಷೇಕದಿಂದ ಇಂದಿನವರೆಗೆ ಒಂದೇ ಎಣಿಕೆ ಮುರಿಯದೆ ನಡೆಯಿತು ಎಂಬುದನ್ನು ನಾನು ಒಪ್ಪಲಾರೆ. ನೀವು ಬಾದಾಮಿಯವರು, ನಿಮ್ಮ ಕೋಟೆಯ ಬಂಡೆಯ ಮೇಲೆ ಒಂದನೆಯ ಪುಲಕೇಶಿಯ ಶಾಸನವಿದೆ, ಅದರ ಕಾಲ ಶಕ 465, ಅಂದರೆ ಕ್ರಿ.ಶ. 543. ಚಾಲುಕ್ಯರು ತಮ್ಮದಲ್ಲದ ಒಂದು ಶಕೆಯನ್ನು, ಅಂದರೆ ವರ್ಷಗಳ ಎಣಿಕೆಯನ್ನು, ಬಳಸಿದರು. ನಮ್ಮ ಐಹೊಳೆಯ ಮೇಗುಟಿ ಬಸದಿಯಲ್ಲಿ ಇಮ್ಮಡಿ ಪುಲಕೇಶಿಯ ಕವಿ ರವಿಕೀರ್ತಿಯು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಭಾರತ ಯುದ್ಧದಿಂದ 3735 ವರ್ಷ ಎಂದೂ ಶಕ ಅರಸರ ಕಾಲದಿಂದ 556 ವರ್ಷ ಎಂದೂ ಒಂದೇ ಶಾಸನದಲ್ಲಿ ಎರಡು ಎಣಿಕೆ ಕೊಟ್ಟಿದ್ದಾನೆ. ಆ ಎರಡನ್ನೂ ಕ್ರಿಸ್ತಶಕಕ್ಕೆ ತಂದರೆ 634–35ಕ್ಕೆ ಬಂದು ಸೇರುತ್ತವೆ. ತನ್ನ ದೊರೆಯ ಕೀರ್ತಿ ಎಷ್ಟು ದೊಡ್ಡ ಕಾಲದ ಮೇಲೆ ನಿಂತಿದೆ ಎಂದು ತೋರಿಸುವ ಕವಿಯ ಬಿಂಕ ಅದರಲ್ಲಿದೆ ಎಂಬುದು ನನ್ನ ಅನಿಸಿಕೆ.

ಮುಂದೆ ಕಲ್ಯಾಣದ ಆರನೆಯ ವಿಕ್ರಮಾದಿತ್ಯನು 1076ರಲ್ಲಿ ಪಟ್ಟವೇರಿದಾಗ ಶಕೆಯನ್ನು ಬದಿಗೊತ್ತಿ ಚಾಲುಕ್ಯ ವಿಕ್ರಮ ವರ್ಷ ಎಂಬ ಹೊಸ ಎಣಿಕೆಯನ್ನು ಆರಂಭಿಸಿದ. ಅವನ ಕಾಲದ ಶಾಸನಗಳ ತುಂಬ ಅದೇ ಇದೆ. ಇಂದು ಅದು ಶಾಸನ ಓದುವವರಿಗೆ ಮಾತ್ರ ಗೊತ್ತು, ಶಾಲಿವಾಹನ ಶಕೆಯೋ ಪ್ರತಿ ಯುಗಾದಿಯ ಪಂಚಾಂಗದಲ್ಲಿ ಉಳಿದಿದೆ. ದೊರೆ ಆಜ್ಞೆ ಮಾಡಿದ ಎಣಿಕೆ ದೊರೆಯ ಸಂಗಡ ಹೋಯಿತು. ಕರಿಹೊಳೆಯಲ್ಲಿಯೂ ಒಬ್ಬ ಅರಸ ಹೀಗೆ ಹೊಸ ಶಕೆ ಹೊರಡಿಸಿ ಸೋತಿರಲಿ. ಹಳೆಯ ಕಲ್ಲುಗಳ ಮೇಲೆ ಒಂದು ಎಣಿಕೆ, ಜನರ ಬಾಯಲ್ಲಿ ಇನ್ನೊಂದು ಎಣಿಕೆ ಇರಲಿ.

ವಿಜಯಪುರದ ಕಡೆಯವರಿಗೆ ಇನ್ನೊಂದು ಹತ್ತಿರದ ಉದಾಹರಣೆ ಕೊಡುತ್ತೇನೆ. ಹಿಜರಿ ವರ್ಷವು ಶುದ್ಧ ಚಾಂದ್ರಮಾನ. 354 ಅಥವಾ 355 ದಿನ, ಅಧಿಕಮಾಸವಿಲ್ಲ. ಆದ್ದರಿಂದ ಮೊಹರಂ ಕೆಲವು ವರ್ಷ ಬೇಸಿಗೆಯಲ್ಲಿ, ಕೆಲವು ವರ್ಷ ಚಳಿಯಲ್ಲಿ ಬರುತ್ತ ಸುಮಾರು 33 ವರ್ಷಕ್ಕೆ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆ. ಧರ್ಮಕ್ಕೆ ಅದು ತೊಡಕಲ್ಲ, ಆದರೆ ಕಂದಾಯಕ್ಕೆ ತೊಡಕು. ರಾಶಿ ಆಗದ ಕಾಲದಲ್ಲಿ ರೈತನಿಂದ ಏನು ವಸೂಲಿ ಮಾಡುವುದು? ದಖ್ಖನಿನ ಸುಲ್ತಾನರ ಆಡಳಿತದಲ್ಲಿಯೂ ಆ ಬಳಿಕ ಮರಾಠರ ಕಾಗದಪತ್ರಗಳಲ್ಲಿಯೂ ಶುಹೂರ ಸನ್ ಎಂಬ ಸೌರ ಎಣಿಕೆ ಕಾಣುವುದು ಈ ಕಾರಣಕ್ಕೆ. ಅದರ ವರ್ಷ ಹುಟ್ಟುವುದು ಸೂರ್ಯನು ಮೃಗಶಿರಕ್ಕೆ ಬಂದ ದಿನ, ಅದಕ್ಕೆ ಮೃಗಸಾಲ ಎಂಬ ಹೆಸರೂ ಇತ್ತು. ಎರೆಹೊಲ ಅವರ ಅಜ್ಜನ ಮಿರಗವೇ ದಫ್ತರದ ಹೊಸ ವರ್ಷವಾಗಿತ್ತು ಎನ್ನಿ.

ಎರೆಹೊಲ (ಸಿಂದಗಿ)

ಮೃಗಸಾಲದ ಸಂಗತಿ ನನಗೆ ಗೊತ್ತಿರಲಿಲ್ಲ. ಕೂರಿಗೆ ಮತ್ತು ಕಂದಾಯ ಒಂದೇ ದಿನ ಹೊರಡುತ್ತಿದ್ದವು ಎಂದಾಯಿತು.

ಘಟಿಕಾಪಾತ್ರೆ (ಬೆಳಗಾವಿ)

ಇಷ್ಟು ಮಾತುಕತೆ ಆದ ಮೇಲೆ ನಿನ್ನೆ ರಾತ್ರಿ ಕಾಗದ ಪೆನ್ನು ಹಿಡಿದು ಕುಳಿತೆ. ಮೂಲ ಪಂಚಾಂಗವನ್ನು ಪೂರ್ತಿ ಕೆಡವಬೇಕಾಗಿಲ್ಲ. ಒಂದೇ ಒಂದು ಅಂಕಿಯನ್ನು ಬದಲಿಸಿದರೆ ಸಾಕು. ವರ್ಷ 384 ದಿನವೇ ಇರಲಿ. ಹಿರಿಯ ಚಂದ್ರನ ಅವಧಿಯನ್ನು 32ರಿಂದ 31.25 ದಿನಕ್ಕೆ ಇಳಿಸಿ. ಆಗ ಮೂರು ತಿಂಗಳಿಗೆ 31 ದಿನ, ನಾಲ್ಕನೆಯದಕ್ಕೆ 32 ದಿನ ಬರುತ್ತದೆ. ಹನ್ನೆರಡು ತಿಂಗಳಿಗೆ 375 ದಿನವಾಗುತ್ತದೆ. ಸೌರವರ್ಷಕ್ಕೂ ಇದಕ್ಕೂ 9 ದಿನಗಳ ಅಂತರ. ಇದೇ ನಿಮ್ಮ ನಾಡಿನ ಶೇಷ.

ಆ ಒಂಬತ್ತು ದಿನಗಳು ಹೇಗೆ ಕೂಡುತ್ತವೆ ನೋಡಿ. ಮೂರು ವರ್ಷಕ್ಕೆ 27, ನಾಲ್ಕನೆಯ ವರ್ಷಕ್ಕೆ 36. ಒಂದು ತಿಂಗಳು ಮೀರಿತು, ಆದ್ದರಿಂದ ನಾಲ್ಕನೆಯ ವರ್ಷ ಒಂದು ಅಧಿಕಮಾಸ, 4.75 ದಿನ ಉಳಿಯಿತು. ಮತ್ತೆ ಮೂರು ವರ್ಷ ಕೂಡಿಸಿದರೆ 31.75, ಏಳನೆಯ ವರ್ಷ ಇನ್ನೊಂದು ಅಧಿಕಮಾಸ. ಉಳಿದದ್ದು ಅರ್ಧ ದಿನ. ಅಂದರೆ ಏಳು ವರ್ಷದ ಆವರ್ತದಲ್ಲಿ ಎರಡು ಅಧಿಕಮಾಸ, ಒಟ್ಟು 86 ತಿಂಗಳು. ನಮ್ಮಲ್ಲಿ 19 ವರ್ಷಕ್ಕೆ 7 ಅಧಿಕಮಾಸ, 235 ತಿಂಗಳು ಎಂಬ ಲೆಕ್ಕ ಬರುವಂತೆ ಅಲ್ಲಿ ಇದು. ಏಳು ವರ್ಷ ಎಂದರೆ 2688 ದಿನ, 86 ತಿಂಗಳು ಎಂದರೆ 2687.5 ದಿನ. ಕರಿಹೊಳೆಯ ಪ್ರಾಚೀನ ಜೋಯಿಸರು ಇದನ್ನು ಕಂಡುಹಿಡಿದು ಕುಣಿದಾಡಿರಬೇಕು. ಅರ್ಧ ದಿನ ತಾನೇ ಎಂದು ಬಿಟ್ಟಿರಬೇಕು.

ಈಗ ಆ ಅರ್ಧ ದಿನವನ್ನು ಹಿಂಬಾಲಿಸಿ. ಹದಿನಾಲ್ಕು ವರ್ಷಕ್ಕೆ ಒಂದು ದಿನ ಹೊಸ ವರ್ಷ ಮುಂಚೆ ಬರುತ್ತದೆ. ಒಬ್ಬ ಮನುಷ್ಯನ ಆಯುಷ್ಯದಲ್ಲಿ ಐದಾರು ದಿನ, ಯಾರಿಗೂ ಗೊತ್ತಾಗದು. 434 ವರ್ಷಕ್ಕೆ 62 ಆವರ್ತ ಮುಗಿಯುತ್ತವೆ, ವ್ಯತ್ಯಾಸ 31 ದಿನ. ಆಗ ಬಿತ್ತನೆಯ ಹಬ್ಬವು ಮಳೆಗಿಂತ ಒಂದು ತಿಂಗಳು ಮೊದಲೇ ಬಂದು ನಿಂತಿರುತ್ತದೆ. ಕಾದಂಬರಿಯನ್ನು 434ನೆಯ ವರ್ಷದಲ್ಲಿ ಆರಂಭಿಸಿ. ಗುಡಿಯ ಗಂಟೆ ಬಿತ್ತು ಎನ್ನುತ್ತದೆ, ನೆಲದಲ್ಲಿ ಹಸಿ ಇಲ್ಲ.

ಕಿರಿಯ ಚಂದ್ರನನ್ನು ಸಂತೆಯ ಲೆಕ್ಕಕ್ಕೆ ಬಿಟ್ಟುಬಿಡಿ. ಅವನನ್ನೂ ಈ ಲೆಕ್ಕಕ್ಕೆ ಎಳೆದರೆ ನನಗೇ ತಲೆ ತಿರುಗುತ್ತದೆ.

ಎರೆಹೊಲ (ಸಿಂದಗಿ)

ಗುರುಗಳೇ, ಇದು ಚೆನ್ನಾಗಿದೆ, ಆದರೆ ಒಂದು ತಕರಾರು. ನಿಮ್ಮ ಕರಿಹೊಳೆಯ ರೈತರು ದಡ್ಡರೇ? ಗುಡಿಯ ಗಂಟೆ ಕೇಳಿ ಒಣ ಮಣ್ಣಿನಲ್ಲಿ ಬೀಜ ಹಾಕುವ ರೈತನನ್ನು ನಾನು ಎಲ್ಲಿಯೂ ಕಂಡಿಲ್ಲ. ಮುಷ್ಟಿಯಲ್ಲಿ ಮಣ್ಣು ಹಿಡಿದು ಉಂಡೆ ಕಟ್ಟುತ್ತದೆಯೇ ಎಂದು ನೋಡುವವನಿಗೆ ಪಂಚಾಂಗ ಸುಳ್ಳು ಹೇಳಲಾಗದು. ಅವರು ನಕ್ಷತ್ರ ನೋಡಿ ಬಿತ್ತುತ್ತಾರೆ, ಹಬ್ಬವನ್ನು ಹಬ್ಬದ ಪಾಡಿಗೆ ಮಾಡುತ್ತಾರೆ. ಜಗಳ ಬಿತ್ತನೆಯಲ್ಲಿ ಹುಟ್ಟುವುದಿಲ್ಲ. ಬಿತ್ತನೆಯ ಹಬ್ಬಕ್ಕೆ ಬೀಜದ ಕಾಣಿಕೆ ಗುಡಿಗೆ ಸಲ್ಲಬೇಕು, ರಾಶಿಯ ಹಬ್ಬಕ್ಕೆ ಅರಸನ ಪಾಲು ಅಳೆಯಬೇಕು ಎಂಬ ಕಟ್ಟಳೆ ಇದ್ದರೆ ಅಲ್ಲಿ ಹುಟ್ಟುತ್ತದೆ. ತೆನೆ ಇನ್ನೂ ಹಾಲುಗಾಳು ಇರುವಾಗ ಅಳತೆಯವನು ಕೊಳಗ ಹಿಡಿದು ಕಣಕ್ಕೆ ಬಂದು ನಿಂತರೆ ಏನಾಗುತ್ತದೆ ಎಂದು ಬರೆಯಿರಿ.

ಘಟಿಕಾಪಾತ್ರೆ (ಬೆಳಗಾವಿ)

ಒಪ್ಪಿದೆ, ನಾನು ಊರಿನಲ್ಲಿ ಬೆಳೆದವನಾದರೂ ಹೊಲ ಕಂಡಿದ್ದು ಬಸ್ಸಿನ ಕಿಟಕಿಯಿಂದಲೇ. ಆದರೆ ನಕ್ಷತ್ರವನ್ನೂ ಪೂರ್ತಿ ನಂಬಬೇಡಿ. ನಕ್ಷತ್ರಗಳ ಲೆಕ್ಕದ ವರ್ಷವು ಋತುಗಳ ವರ್ಷಕ್ಕಿಂತ ಸುಮಾರು 20 ನಿಮಿಷ ದೊಡ್ಡದು. ಸುಮಾರು 71 ವರ್ಷಕ್ಕೆ ಒಂದು ದಿನ ಸರಿಯುತ್ತದೆ. ಹಗಲು ನಿಜವಾಗಿ ಬೆಳೆಯಲು ಆರಂಭಿಸುವುದು ಡಿಸೆಂಬರ್ 22ರ ಹೊತ್ತಿಗೆ. ನಾವು ಉತ್ತರಾಯಣವೆಂದು ಎಳ್ಳುಬೆಲ್ಲ ಹಂಚುವ, ವಿಜಯಪುರದ ಸಿದ್ಧೇಶ್ವರ ಜಾತ್ರೆ ನಡೆಯುವ ಸಂಕ್ರಾಂತಿ ಜನವರಿ 14 ಅಥವಾ 15ಕ್ಕೆ. ನಡುವಿನ ಮೂರು ವಾರಗಳಿಗೂ ಮಿಕ್ಕಿದ ಅಂತರ ಕೂಡಿದ್ದು ಹೀಗೆಯೇ. ಮಿರಗವೂ ಇದೇ ವೇಗದಲ್ಲಿ ಸರಿಯುತ್ತಿದೆ. ಕರಿಹೊಳೆಯಲ್ಲಿ ಈ ಸರಿಯುವಿಕೆ ಇರಬೇಕೋ ಬೇಡವೋ ಎಂಬುದು ಲೇಖಕರಿಗೆ ಬಿಟ್ಟದ್ದು. ನನ್ನನ್ನು ಕೇಳಿದರೆ ಬೇಡ, ಒಂದು ಕಾದಂಬರಿಗೆ ಒಂದು ತಪ್ಪು ಸಾಕು.

ಶಾಸನಪ್ರಿಯ (ಹುನಗುಂದ)

ತಿದ್ದುಪಡಿ ಮಾಡುವವರು ಯಾರು ಎಂಬುದನ್ನೂ ಯೋಚಿಸಿ. ಯುರೋಪಿನಲ್ಲಿ 1582ರ ಅಕ್ಟೋಬರ್ 4ರ ಮರುದಿನವನ್ನು 15 ಎಂದು ಪೋಪ್ ಗ್ರೆಗರಿ ಸಾರಿದರೂ ಇಂಗ್ಲೆಂಡ್ ಒಪ್ಪಿದ್ದು 1752ರಲ್ಲಿ. ಫ್ರಾನ್ಸಿನ ಕ್ರಾಂತಿಕಾರಿಗಳು 1793ರಲ್ಲಿ ತಂದ ಪಂಚಾಂಗ ನಿಮ್ಮ ಮೊದಲ ಪಂಚಾಂಗದಂತೆಯೇ ಅಚ್ಚುಕಟ್ಟಾಗಿತ್ತು: 30 ದಿನಗಳ 12 ತಿಂಗಳು, ಹತ್ತು ದಿನಗಳ ವಾರ, ಮಂಜು, ಹಿಮ, ಹೂವು, ಕೊಯ್ಲು ಎಂಬಂತಹ ಹೆಸರುಗಳು. ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ಬಿಡುವು ಹತ್ತು ದಿನಕ್ಕೊಮ್ಮೆ ಆದದ್ದನ್ನು ದುಡಿಯುವ ಜನ ಮೆಚ್ಚಲಿಲ್ಲ. 1806ರ ಜನವರಿ 1ಕ್ಕೆ ಅದು ಕೊನೆಗೊಂಡಿತು. ಹೆಸರು ಮಣ್ಣಿನದಾದರೂ ಮೇಲಿನಿಂದ ಇಳಿದು ಬಂದದ್ದು ನಿಲ್ಲಲಿಲ್ಲ ನೋಡಿ. ನಮ್ಮಲ್ಲಿ ಮೇಘನಾದ ಸಹಾ ಅವರ ಸಮಿತಿಯ ಸಲಹೆಯಂತೆ 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂದಿತು. ಆಕಾಶವಾಣಿಯಲ್ಲಿ ಅದರ ದಿನಾಂಕ ಕೇಳಿರಬಹುದು. ಅದನ್ನು ನೋಡಿ ಮದುವೆಯ ದಿನ ಗೊತ್ತುಮಾಡಿದವರನ್ನು ನಾನು ಕಂಡಿಲ್ಲ.

ಗೋಕಾಕ ಕರದಂಟು (ಗೋಕಾಕ)

ಅಧಿಕಮಾಸ ಬಂತು ಎಂದಮೇಲೆ ಅದಕ್ಕೆ ಅಡುಗೆಮನೆಯೂ ಬೇಕು. 2023ರಲ್ಲಿ ನಮಗೆ ಅಧಿಕ ಶ್ರಾವಣ ಬಂದಿತ್ತು, 2026ಕ್ಕೆ ಅಧಿಕ ಜ್ಯೇಷ್ಠ. ಆ ತಿಂಗಳಲ್ಲಿ ಮದುವೆ ಇಲ್ಲ, ಗೃಹಪ್ರವೇಶ ಇಲ್ಲ, ಹಬ್ಬಗಳೆಲ್ಲ ನಿಜಮಾಸಕ್ಕೆ ಮುಂದಕ್ಕೆ. ಆದರೆ ಅಳಿಯನನ್ನು ಕರೆದು 33 ಅಪೂಪಗಳನ್ನು, ಅಂದರೆ ಕರಿದ ಸಿಹಿ ತಿಂಡಿಗಳನ್ನು, ದಾನ ಕೊಡುವುದು ಆಗಲೇ. ಬೆಳಗಾವಿಯ ಮರಾಠಿ ಮನೆಗಳಲ್ಲಿ ಅನಾರಸ ಕೊಡುತ್ತಾರೆ. ಸರಾಸರಿ ಮೂವತ್ತೆರಡೂವರೆ ತಿಂಗಳಿಗೊಮ್ಮೆ ಅಧಿಕಮಾಸ ಬರುವುದಕ್ಕೂ ಈ 33ಕ್ಕೂ ನಂಟಿದೆಯೋ ಎಂದು ಲಟ್ಟಣಿಗೆ ಹಿಡಿದಾಗಲೆಲ್ಲ ಯೋಚಿಸುತ್ತೇನೆ. ಯಾರ ಲೆಕ್ಕಕ್ಕೂ ಸೇರದ ತಿಂಗಳನ್ನು ದೇವರ ಹೆಸರಿಗೆ ಬರೆದು ಪುರುಷೋತ್ತಮ ಮಾಸವೆಂದು ಮಾನ ಕೊಟ್ಟವರು ನಮ್ಮವರು. ಕರಿಹೊಳೆಯವರು ಏನು ಮಾಡುತ್ತಾರೆ? ಆ ತಿಂಗಳಲ್ಲಿ ಹುಟ್ಟಿದ ಮಗುವಿನ ಹುಟ್ಟುಹಬ್ಬ ಯಾವಾಗ?

ಮಲಪ್ರಭಾ ದಂಡೆ (ಬಾದಾಮಿ)

ಒಂದು ವಾರ ಉತ್ತರಿಸದೆ ಇದ್ದದ್ದಕ್ಕೆ ಕ್ಷಮೆ ಇರಲಿ; ಐದು ಅಧ್ಯಾಯಗಳನ್ನೂ ತೆಗೆದುಹಾಕಿ ಮೊದಲಿನಿಂದ ಬರೆಯುತ್ತಿದ್ದೆ. ಘಟಿಕಾಪಾತ್ರೆ ಗುರುಗಳ 31.25 ದಿನವನ್ನೂ ಏಳು ವರ್ಷದ ಆವರ್ತವನ್ನೂ ಹಾಗೆಯೇ ತೆಗೆದುಕೊಂಡಿದ್ದೇನೆ. ಅಗ್ನಿಮಾಸ, ವಜ್ರಮಾಸಗಳು ಗುಡಿಯ ದಫ್ತರದಲ್ಲಿ ಮಾತ್ರ ಉಳಿದಿವೆ. ಊರಿನವರು ಈಗ ಕೂರಿಗೆ ಹುಣ್ಣಿಮೆ, ಹಾಲುಗಾಳು ಅಮಾವಾಸ್ಯೆ, ಕಣದ ಹುಣ್ಣಿಮೆ, ಬರಿಕುಂಬಾರ ಅಮಾವಾಸ್ಯೆ ಎನ್ನುತ್ತಾರೆ. ಕೊನೆಯದಕ್ಕೆ ಒಂದು ಉಪಕಥೆಯೇ ಇದೆ. ಸೋತ ಶಕೆಯ ಅರಸನೂ ಬಂದಿದ್ದಾನೆ. ಅವನ ಹೆಸರಿನ ವರ್ಷಗಳಿರುವ ಕಲ್ಲುಗಳನ್ನು ಜನ ಹೊಲದ ಬದುವಿಗೆ ನೆಟ್ಟಿದ್ದಾರೆ. ಎರೆಹೊಲ ಅಣ್ಣಾವರ ಕೊಳಗ ಹಿಡಿದ ಅಳತೆಯವನಿಂದಲೇ ಮೊದಲ ಅಧ್ಯಾಯ ಆರಂಭವಾಗುತ್ತದೆ.

ಕರದಂಟು ಅಕ್ಕಾವರ ಪ್ರಶ್ನೆಗೆ ಉತ್ತರ ಹುಡುಕುತ್ತ ನಾಯಕಿಯೇ ಬದಲಾದಳು. ಅಧಿಕಮಾಸದಲ್ಲಿ ಹುಟ್ಟಿದ ಮಕ್ಕಳ ಹೆಸರನ್ನು ಗುಡಿಯವರು ಮುಂದಿನ ತಿಂಗಳ ಮೊದಲ ದಿನಕ್ಕೆ ಬರೆದುಕೊಳ್ಳುತ್ತಾರೆ, ಅದು ಅಲ್ಲಿಯ ಜೂನ್ 1. ಊರಿನಲ್ಲಿ ಅಂಥವರಿಗೆ ಉಳಿಕೆಯವರು ಎಂಬ ಅಡ್ಡಹೆಸರು. ನಾಯಕಿ ಹಾಗೆ ಬರೆಸಿಕೊಂಡ ಉಳಿಕೆಯವಳು. ತನ್ನ ನಿಜವಾದ ಹುಟ್ಟಿದ ದಿನ ಯಾವುದು ಎಂದು ಹುಡುಕುತ್ತ ಹೋಗಿ ಗುಡಿಯ ಹಳೆಯ ಕಡತಗಳಲ್ಲಿ ಆ ಅರ್ಧ ದಿನದ ತಪ್ಪನ್ನು ಕಾಣುತ್ತಾಳೆ. ಕಥೆ ನಡೆಯುವುದು 434ರಲ್ಲಿ, ಅವಳಿಗೆ ಆಗ ಹದಿನಾರು ವರ್ಷ.

ಘಟಿಕಾಪಾತ್ರೆ (ಬೆಳಗಾವಿ)

ಹದಿನಾರು ಆಗದು. 434ರಲ್ಲಿ ಹದಿನಾರು ಎಂದರೆ ಹುಟ್ಟಿದ್ದು 418ರಲ್ಲಿ. 413ಕ್ಕೆ 59 ಆವರ್ತ ಮುಗಿಯುತ್ತವೆ, 418 ಎಂದರೆ ಅರವತ್ತನೆಯ ಆವರ್ತದ ಐದನೆಯ ವರ್ಷ. ಅಧಿಕಮಾಸ ಬರುವುದು ನಾಲ್ಕು ಮತ್ತು ಏಳನೆಯ ವರ್ಷಗಳಲ್ಲಿ ಮಾತ್ರ. ಅವಳನ್ನು 417ಕ್ಕೆ ಹುಟ್ಟಿಸಿ.

ಮಲಪ್ರಭಾ ದಂಡೆ (ಬಾದಾಮಿ)

ಹದಿನೇಳು ಮಾಡಿದ್ದೇನೆ, ಗುರುಗಳೇ. ಅವಳ ತಮ್ಮನ ವಯಸ್ಸನ್ನೂ ಒಮ್ಮೆ ನೋಡಿ ಹೇಳಬೇಕು; ಅವನಿಗೆ ಹದಿನಾಲ್ಕು.

ಘಟಿಕಾಪಾತ್ರೆ (ಬೆಳಗಾವಿ)

420. ಏಳನೆಯ ವರ್ಷ. ಅವನೂ ಉಳಿಕೆಯವನಾಗಬಹುದು, ನಿಮಗೆ ಬೇಕಿದ್ದರೆ.